ಅರಳು ಮರಳಿನ ಒಂದು ದೀಪಾವಳಿ

ನಮ್ಮ ಮನೆಯಲ್ಲಿ ಮರೆಯುವ ಕೆಲಸ ನಲವತ್ತು ವರ್ಷ ನಮ್ಮ ಯಜಮಾನರ ಪಾಲಿಗಿತ್ತು. ಲೋಣಾವಳಾ ಲೋಕಲ್ ಗಾಡಿಯಲ್ಲಿ ಅವರು ಬಿಟ್ಟು ಬಂದ ಛತ್ರಿಗಳನ್ನು ಒಂದು ಕಡೆ ಸೇರಿಸಿದ್ದರೆ ಅಂಗಡಿ ಇಡಬಹುದಿತ್ತು. ಚಷ್ಮಾ ಹಣೆಯ ಮೇಲಿಟ್ಟುಕೊಂಡು ಮನೆಯೆಲ್ಲ ಹುಡುಕುವುದು, ಹಾಲು ತರಲು ಹೋಗಿ ಪೇಪರು ಹಿಡಿದು ಬರುವುದು, ಒಮ್ಮೆಯಂತೂ ಮಗನನ್ನು ಕರೆತರಲು ಹೋಗಿ ಬೇರೆ ಯಾವುದೋ ಶಾಲೆಯ ಮುಂದೆ ಅರ್ಧ ಗಂಟೆ ನಿಂತಿದ್ದು, ಎಲ್ಲ ಮೂವತ್ತರ ಹರೆಯದಲ್ಲೇ ನಡೆದವು. ಯಾರೂ ಅದನ್ನು ರೋಗ ಎನ್ನಲಿಲ್ಲ. ಅವರ ಸ್ವಭಾವವೇ ಹಾಗೆ ಎಂದರು, ಅಲ್ಲಿಗೆ ಮುಗಿಯಿತು. ನಾನು ಅರವತ್ತಾರನೇ ವಯಸ್ಸಿನಲ್ಲಿ ಒಂದು ದಿನ ಗ್ಯಾಸಿನ ಮೇಲೆ ಹಾಲಿಟ್ಟು ಮರೆತೆ ನೋಡಿ, ಅದಕ್ಕೆ ಹೆಸರು ಬಂತು.

ಹಾಲು ಉಕ್ಕಿಸುವುದು ನನಗೇನೂ ಹೊಸದಲ್ಲ. ಮದುವೆಯಾಗಿ ಗದಗ ಕಡೆಯಿಂದ ಪುಣೆಯ ಹತ್ತಿರದ ಈ ನಿಗಡಿಗೆ ಬಂದ ಮೊದಲ ವಾರವೇ ಉಕ್ಕಿಸಿದ್ದೆ. ಆಗ ಅತ್ತೆ ಬೈದಿದ್ದರು. ಈಗ ಸೊಸೆ ಬೈಯಲಿಲ್ಲ, ಸುಮ್ಮನೆ ಒಲೆ ಒರೆಸಿ, ನನ್ನ ಬೆನ್ನ ಮೇಲೆ ಕೈಯಿಟ್ಟು, ನೀವು ಕೂತ್ಕೊಳ್ಳಿ ಅತ್ತೆ ಎಂದಳು. ಬೈದಿದ್ದರೆ ಎಷ್ಟೋ ಚೆನ್ನಾಗಿತ್ತು.

ಸೊಸೆ ಒಳ್ಳೆಯ ಹುಡುಗಿ, ಅದನ್ನು ಮೊದಲೇ ಹೇಳಿಬಿಡುತ್ತೇನೆ. ಮೈಸೂರಿನವಳು, ಹಿಂಜವಡಿಯಲ್ಲಿ ಕಂಪ್ಯೂಟರ್ ಕೆಲಸ, ವಾರದಲ್ಲಿ ಮೂರು ದಿನ ಮನೆಯಿಂದಲೇ. ಮಗ ಚಾಕಣದ ಕಡೆ ಒಂದು ಕಾರ್ಖಾನೆಯಲ್ಲಿದ್ದಾನೆ. ನಮ್ಮವರು ದೇಹೂ ರೋಡಿನ ಸೈನ್ಯದ ಉಗ್ರಾಣದಲ್ಲಿ ಸ್ಟೋರ್‌ಕೀಪರ್ ಆಗಿದ್ದು ನಿವೃತ್ತರಾದವರು. ಮೊಮ್ಮಗಳಿಗೆ ನಾಲ್ಕು ವರ್ಷ. ಅವಳ ಬಾಲವಾಡಿ ನಮ್ಮ ಕಟ್ಟಡದಿಂದ ಒಂದು ದೊಡ್ಡ ರಸ್ತೆ ದಾಟಿದರೆ ಸಿಗುತ್ತದೆ. ದಿನವೂ ಹನ್ನೆರಡೂವರೆಗೆ ಹೋಗಿ ಅವಳನ್ನು ಕರೆತರುವವಳು ನಾನು. ಬರುವ ದಾರಿಯಲ್ಲಿ ಅವಳು ಶಾಲೆಯ ವರದಿ ಒಪ್ಪಿಸುತ್ತಿದ್ದಳು. ಯಾರು ಯಾರನ್ನು ಕಚ್ಚಿದರು, ಯಾರ ಡಬ್ಬಿಯಲ್ಲಿ ಏನಿತ್ತು, ಎಲ್ಲ. ನನ್ನ ದಿನಕ್ಕೆ ಬೆನ್ನೆಲುಬೆಂದರೆ ಆ ಇಪ್ಪತ್ತು ನಿಮಿಷ.

ಹಾಲು ಉಕ್ಕಿದ ಮೇಲಿನ ವಾರ ನಮ್ಮ ಓಣಿಯ ವಿರಂಗುಳಾ ಕೇಂದ್ರದಲ್ಲಿ, ಅಂದರೆ ವಯಸ್ಸಾದವರು ಸೇರಿ ಕೇರಂ ಆಡುವ, ಭಜನೆ ಮಾಡುವ ಜಾಗದಲ್ಲಿ, ಮರೆವಿನ ಬಗ್ಗೆ ಒಂದು ಭಾಷಣವಿತ್ತು. ಭಾಷಣ ಮಾಡಿದವರು ಹತ್ತು ಪ್ರಶ್ನೆಗಳ ಒಂದು ಹಾಳೆ ಹಂಚಿದರು. ಒಳಗಿನ ಕೋಣೆಗೆ ಹೋಗಿ ಯಾಕೆ ಬಂದೆ ಎಂದು ನಿಲ್ಲುತ್ತೀರಾ? ಪರಿಚಯದವರ ಹೆಸರು ನಾಲಿಗೆಯ ತುದಿಗೆ ಬಂದು ನಿಲ್ಲುತ್ತದೆಯೇ? ಪ್ರತಿ ಪ್ರಶ್ನೆಗೂ ಇಡೀ ಸಭೆ ಕೈ ಎತ್ತಿತು. ಹಿಂದಿನ ಸಾಲಿನ ಗಂಡಸರು "ಸಾಠೀ ಬುದ್ಧಿ ನಾಠೀ" ಎಂದು ನಕ್ಕರು. ಅರವತ್ತಾಯಿತು, ಬುದ್ಧಿ ಓಡಿತು ಎಂದು ಮರಾಠಿಯವರ ಗಾದೆ. ನಮ್ಮಲ್ಲೂ ಅದೇ ಇದೆಯಲ್ಲ, ಅರವತ್ತಕ್ಕೆ ಅರಳು ಮರಳು. ಎಲ್ಲರೂ ನಗುತ್ತ ಚಹಾ ಕುಡಿದು ಮನೆಗೆ ಹೋದರು. ನಾನು ಹಾಳೆಯನ್ನು ಮಡಚಿ ತಂದು ಫ್ರಿಜ್ಜಿನ ಮೇಲಿಟ್ಟೆ. ನಮ್ಮ ಚಿಗವ್ವ ಕೊನೆಯ ನಾಲ್ಕು ವರ್ಷ ಸ್ವಂತ ಮಗಳನ್ನು ಅತಿಥಿಯಂತೆ ಮಾತಾಡಿಸಿದ್ದನ್ನು ನಾನು ಕಣ್ಣಾರೆ ಕಂಡವಳು. ನನಗೆ ನಗು ಬರಲಿಲ್ಲ.

ಸೊಸೆ ಆ ಹಾಳೆಯನ್ನು ಓದಿದಳು. ಮರುದಿನ ಒಂದು ಪುಟ್ಟ ಯಂತ್ರ ತರಿಸಿದಳು. ಅಕ್ಷರ ಒತ್ತಿದರೆ ಅಂಟಿನ ಚೀಟಿ ಅಚ್ಚಾಗಿ ಹೊರಬರುತ್ತದೆ. ಒಂದು ರವಿವಾರ ಕೂತು ನನ್ನ ಅಡುಗೆಮನೆಯ ಇಪ್ಪತ್ತಾರು ಸ್ಟೀಲ್ ಡಬ್ಬಿಗಳ ಮುಚ್ಚಳಗಳಿಗೂ ಒಂದೊಂದು ಚೀಟಿ ಅಂಟಿಸಿದಳು.

ಆ ಡಬ್ಬಿಗಳ ಕಥೆ ಹೇಳಬೇಕು. ಧನತ್ರಯೋದಶಿಯ ದಿನ ಮನೆಗೆ ಒಂದು ಹೊಸ ಪಾತ್ರೆ ತರಬೇಕೆಂಬುದು ಇಲ್ಲಿಯ ಪದ್ಧತಿ. ನಾನು ಪ್ರತಿ ವರ್ಷ ಚಿಂಚವಡದ ಅದೇ ಅಂಗಡಿಯಿಂದ ಅದೇ ಅಳತೆಯ ಒಂದೇ ಒಂದು ಡಬ್ಬಿ ತರುತ್ತಿದ್ದೆ. ಹೀಗೆ ಇಪ್ಪತ್ತಾರು ದೀಪಾವಳಿಗೆ ಇಪ್ಪತ್ತಾರು ಡಬ್ಬಿ, ಎಲ್ಲವೂ ಒಂದೇ ತಾಯಿಯ ಮಕ್ಕಳು. ಯಾವುದರಲ್ಲಿ ಏನಿದೆ ಎಂದು ನಾನು ಎಂದೂ ಬರೆದವಳಲ್ಲ. ಎತ್ತಿದರೆ ತೂಕ ಹೇಳುತ್ತಿತ್ತು, ಅಲ್ಲಾಡಿಸಿದರೆ ಸದ್ದು ಹೇಳುತ್ತಿತ್ತು, ಅದೂ ಬೇಡ, ಕೈ ತಾನಾಗಿ ಸರಿಯಾದ ಡಬ್ಬಿಯ ಹತ್ತಿರ ಹೋಗುತ್ತಿತ್ತು.

ಚೀಟಿ ಬಂದ ಮೇಲೆ ನಾನು ಓದಲು ಶುರು ಮಾಡಿದೆ. ಮೊದಮೊದಲು ಸೊಸೆಯ ಸಮಾಧಾನಕ್ಕೆ. ಆಮೇಲೆ ಓದದೆ ಡಬ್ಬಿ ತೆಗೆಯುವ ಧೈರ್ಯವೇ ಹೋಯಿತು. ಚಷ್ಮಾ ಹಾಕಿಕೊಂಡು ಒಂದೊಂದೇ ಇಂಗ್ಲಿಷ್ ಅಕ್ಷರ ಕೂಡಿಸಿ ಓದುವಷ್ಟರಲ್ಲಿ ಒಗ್ಗರಣೆ ಸೀಯುತ್ತಿತ್ತು. ಮಗ, "ಅವ್ವಾ, ಈ ವಯಸ್ಸಿಗೆ ಇದೆಲ್ಲಾ ಇರೂದ, ನೀ ಚಿಂತಿ ಮಾಡಬ್ಯಾಡ" ಎನ್ನುತ್ತಿದ್ದ. ಯಾರಾದರೂ ನನ್ನನ್ನು ಏನಾದರೂ ಕೇಳಿದರೆ ನಾನು ಬಾಯಿ ತೆರೆಯುವ ಮೊದಲೇ ನಮ್ಮವರು ಉತ್ತರ ಹೇಳುತ್ತಿದ್ದರು. ಲೋಕಲ್ ಗಾಡಿಯಲ್ಲಿ ಛತ್ರಿ ಬಿಟ್ಟು ಬರುವ ಮನುಷ್ಯ ನನ್ನ ನೆನಪಿಗೆ ಕಾವಲು! ಎಲ್ಲರೂ ಪ್ರೀತಿಯಿಂದಲೇ ಮಾಡುತ್ತಿದ್ದರು, ಆದ್ದರಿಂದ ಜಗಳವಾಡಲೂ ಆಗುತ್ತಿರಲಿಲ್ಲ.

ಮಧ್ಯಾಹ್ನ ಒಬ್ಬಳೇ ಇದ್ದಾಗ ನನ್ನ ಪರೀಕ್ಷೆಯನ್ನು ನಾನೇ ಮಾಡತೊಡಗಿದೆ. ಆಕುರ್ಡಿಯಿಂದ ಲೋಣಾವಳಾದವರೆಗಿನ ಸ್ಟೇಷನ್‌ಗಳನ್ನು ಹೇಳುವುದು. ದೇಹೂ ರೋಡ್, ಬೇಗಡೇವಾಡಿ, ಘೋರಾವಾಡಿ, ತಳೇಗಾಂವ... ನಲವತ್ತು ವರ್ಷ ಓಡಾಡಿದ ದಾರಿ. ಒಂದು ದಿನ ಕಾಮಶೇತದ ಮೊದಲು ಬರುವ ಸ್ಟೇಷನ್ ಹೊಳೆಯಲಿಲ್ಲ. ಎಷ್ಟು ಹುಡುಕಿದರೂ ಅಲ್ಲೊಂದು ಗುಂಡಿ ಇದ್ದ ಹಾಗಿತ್ತು. ಸಂಜೆ ನಮ್ಮವರನ್ನು ಬೇರೆ ಯಾವುದೋ ನೆಪ ಮಾಡಿ ಕೇಳಿದೆ. ಅವರಿಗೂ ಹೊಳೆಯಲಿಲ್ಲ, ಆದರೆ ಅವರು ಅದಕ್ಕೆ ತಲೆ ಕೆಡಿಸಿಕೊಳ್ಳದೆ ಮತ್ತೊಂದು ರೊಟ್ಟಿ ಹಾಕಿಸಿಕೊಂಡರು.

ನವರಾತ್ರಿಗೆ ಮೊದಲು ಮನೆ ತೊಳೆಯುವ ಕೆಲಸ ಬಂತು. ಡಬ್ಬಿಗಳ ಮುಚ್ಚಳ ತೆಗೆದು ತೊಳೆದು, ಡಬ್ಬಿಗಳನ್ನು ಹೊರಗಿನಿಂದ ಒರೆಸಿ ಮತ್ತೆ ಕಪಾಟಿನಲ್ಲಿ ಹೊಂದಿಸಬೇಕು. ಪ್ರತಿ ವರ್ಷ ನಾನೇ ಮಾಡುತ್ತಿದ್ದೆ. ಈ ಸಲ ಸೊಸೆ ನನ್ನನ್ನು ಅಡುಗೆಮನೆಗೆ ಬಿಡಲಿಲ್ಲ. ಸ್ಟೂಲ್ ಹತ್ತಿ ಬಿದ್ದರೆ ಏನು ಗತಿ ಎಂದು ನನ್ನನ್ನು ಮೊಮ್ಮಗಳ ಜೊತೆ ಕೆಳಗಿನ ತೋಟಕ್ಕೆ ಕಳಿಸಿದಳು. ಸಂಜೆ ಬಂದು ನೋಡಿದರೆ ಕಪಾಟು ಥಳಥಳ ಹೊಳೆಯುತ್ತಿತ್ತು.

ದಸರೆ ಮುಗಿದ ಮೇಲೆ ಒಂದು ಬೆಳಿಗ್ಗೆ ಅಕ್ಕಿ ಹಿಟ್ಟಿನ ದಿಢೀರ್ ದೋಸೆ ಮಾಡಲು ಹೋದೆ. ಅಕ್ಕಿ ಹಿಟ್ಟು ಎಂದು ಬರೆದ ಡಬ್ಬಿಯಿಂದಲೇ ತೆಗೆದುಕೊಂಡಿದ್ದೆ. ಕಾವಲಿಯ ಮೇಲೆ ದೋಸೆ ಅಂಟಾಗಿ ಕೂತುಬಿಟ್ಟಿತು, ಮಗುಚುವ ಸೌಟಿಗೆ ಎದ್ದು ಬರಲಿಲ್ಲ. ನೀರಿನ ಅಳತೆ ಮರೆತೆನೇನೋ ಎಂದುಕೊಂಡೆ. ಎಲ್ಲರೂ ಬ್ರೆಡ್ಡು ತಿಂದು ಕೆಲಸಕ್ಕೆ ಹೋದರು.

ಆದರೆ ಆ ವರ್ಷ ನನ್ನನ್ನು ಕೆಡವಿದ್ದು ಚಕ್ಕುಲಿ.

ಪುಣೆಯ ದೀಪಾವಳಿಯ ಚಕ್ಕುಲಿ ನಮ್ಮ ಊರಿನದರಂತೆ ಬರೀ ಅಕ್ಕಿ ಹಿಟ್ಟಿನದಲ್ಲ. ಅಕ್ಕಿ, ಕಡಲೆಬೇಳೆ, ಹೆಸರುಬೇಳೆ, ಉದ್ದಿನಬೇಳೆಗಳನ್ನು ಬೇರೆ ಬೇರೆ ಹುರಿದು, ಧನಿಯಾ ಜೀರಿಗೆ ಸೇರಿಸಿ, ಗಿರಣಿಯಲ್ಲಿ ಬೀಸಿಸುತ್ತಾರೆ. ಈ ಹಿಟ್ಟಿಗೆ ಭಾಜಣಿ ಎಂದು ಹೆಸರು. ಥಾಲಿಪೀಠ ಎನ್ನುವ, ನಮ್ಮ ದಪ್ಪ ರೊಟ್ಟಿಯಂಥ ತಿಂಡಿಗೂ ಒಂದು ಭಾಜಣಿ ಇದೆ. ಅದರಲ್ಲಿ ಜೋಳ, ಸಜ್ಜೆ, ಗೋಧಿಯೂ ಇರುತ್ತವೆ, ಬೀಸುವುದು ಸ್ವಲ್ಪ ತರಿಯಾಗಿ. ನೋಡಲು ಎರಡೂ ಒಂದೇ ಮಣ್ಣಿನ ಬಣ್ಣ, ಥಾಲಿಪೀಠದ್ದು ಒಂದೆಳೆ ಕಪ್ಪು. ಗಿರಣಿಯಲ್ಲಿ ಹಬ್ಬದ ಗರ್ದಿ ಆಗುವ ಮೊದಲೇ, ಗಣಪತಿ ಕಳಿಸಿದ ಮೇಲೆ, ಎರಡನ್ನೂ ಬೀಸಿಸಿ ತುಂಬಿಡುವುದು ನನ್ನ ರೂಢಿ. ಕನ್ನಡದವಳಾಗಿಯೂ ನನ್ನ ಚಕ್ಕುಲಿಗೆ ನಮ್ಮ ಕಟ್ಟಡದ ಮರಾಠಿ ಹೆಂಗಸರು ಸಾಲು ನಿಲ್ಲುತ್ತಿದ್ದರು. ಸುಳ್ಳು ವಿನಯ ಯಾಕೆ, ನನಗೆ ಆ ಬಗ್ಗೆ ಜಂಬವಿತ್ತು.

ಹಬ್ಬಕ್ಕೆ ಹತ್ತು ದಿನವಿರುವಾಗ ಕಟ್ಟಡದ ಮೂವರು ಎಳೆಯ ಹೆಂಗಸರು ಕಲಿಯಲು ಬಂದರು. ಒಬ್ಬಳು ಮೊಬೈಲ್ ಹಿಡಿದು ಚಿತ್ರ ತೆಗೆಯುತ್ತ ನಿಂತಳು. ನಾನು ಚಷ್ಮಾ ಹಾಕಿ, ಚೀಟಿ ಓದಿ, ಚಕ್ಕುಲಿ ಭಾಜಣಿಯ ಡಬ್ಬಿ ತೆಗೆದೆ. ಹಿಟ್ಟಿಗೆ ಕೈ ಹಾಕಿದ ಕೂಡಲೇ ಬೆರಳುಗಳು ಹೇಳಿದವು, ಇದು ತರಿಯಾಗಿದೆ. ಮೂಗು ಹೇಳಿತು, ಸಜ್ಜೆಯ ವಾಸನೆ. ಕಣ್ಣು ಹೇಳಿತು, ಬಣ್ಣ ಒಂದೆಳೆ ಹೆಚ್ಚು.

ಅಲ್ಲೇ ನಿಲ್ಲಿಸಬೇಕಿತ್ತು. ನಿಲ್ಲಿಸಲಿಲ್ಲ. ಬೆರಳು ಮರಗಟ್ಟಿರಬೇಕು, ಮೂಗು ಹೋಗಿರಬೇಕು, ಕಣ್ಣಿಗೆ ಪೊರೆ ಬಂದಿರಬೇಕು, ವಯಸ್ಸಾಯಿತಲ್ಲ ಎಂದುಕೊಂಡೆ. ಮುಚ್ಚಳದ ಮೇಲೆ ಅಚ್ಚಾಗಿದ್ದ ಅಕ್ಷರ ಮಾತ್ರ ಸುಳ್ಳಾಗಲು ಸಾಧ್ಯವಿಲ್ಲ ಎನ್ನಿಸಿತು. ಕುದಿಯುವ ನೀರು, ಕಾಯಿಸಿದ ಎಣ್ಣೆ, ಎಳ್ಳು, ಓಮು ಎಲ್ಲ ಹಾಕಿ ಕಲಸಿದೆ.

ಚಕ್ಕುಲಿ ಒರಳಿನಿಂದ ಒಂದು ಸುತ್ತು ಕೂಡ ಪೂರ್ತಿ ಬರಲಿಲ್ಲ. ಎಳೆ ಅರ್ಧಕ್ಕೆ ತುಂಡಾಗಿ ಬಿತ್ತು. ನೀರು ಚಿಮುಕಿಸಿ ಮತ್ತೆ ಕಲಸಿದೆ, ಮತ್ತೆ ತುಂಡು. ಎಣ್ಣೆಗೆ ಬಿಟ್ಟ ಒಂದೆರಡು ಬಿಚ್ಚಿಕೊಂಡು ಬಾಣಲೆಯ ತಳ ಸೇರಿದವು. ಹಿಟ್ಟೇ ಸರಿಯಿಲ್ಲ ಎನ್ನಲು ಬಾಯಿ ತೆರೆದೆ, ಹೇಳಲಿಲ್ಲ. ಕುಣಿಯಲಾರದವಳು ನೆಲ ಡೊಂಕು ಅಂದಳಂತೆ ಎಂದು ಎಲ್ಲರ ಮುಂದೆ ಅನ್ನಿಸಿಕೊಳ್ಳುವುದು ಬೇಡವಾಗಿತ್ತು. ಆ ಹೆಂಗಸರು ಒಳ್ಳೆಯವರು. ಮೊಬೈಲ್ ಹಿಡಿದವಳು ಅದನ್ನು ಮೆಲ್ಲಗೆ ಪರ್ಸಿಗೆ ಹಾಕಿಕೊಂಡಳು. ಇನ್ನೊಬ್ಬಳು, ವಯಸ್ಸಾದ ಮೇಲೆ ಹೀಗೆ ಆಗುತ್ತದೆ ಕಾಕೂ, ಮನಸ್ಸಿಗೆ ಹಚ್ಚಿಕೊಳ್ಳಬೇಡಿ ಎಂದು ಮರಾಠಿಯಲ್ಲಿ ಸಮಾಧಾನ ಹೇಳಿದಳು. ಕೆಟ್ಟ ಚಕ್ಕುಲಿಗಿಂತ ಆ ಸಮಾಧಾನ ನನಗೆ ಹೆಚ್ಚು ಚುಚ್ಚಿತು.

ಮರುದಿನ ಮಗ ಮತ್ತು ಸೊಸೆ ಇಬ್ಬರೂ ಕೂತು ನನ್ನ ಜೊತೆ ಮಾತಾಡಿದರು. ಇಬ್ಬರೂ ಒಟ್ಟಿಗೆ ರಜೆ ಹಾಕಿದ್ದಾರೆಂದರೆ ವಿಷಯ ದೊಡ್ಡದು ಎಂದು ನನಗೆ ಗೊತ್ತಾಯಿತು. ಡಾಕ್ಟರ ಅಪಾಯಿಂಟ್‌ಮೆಂಟ್ ತೆಗೆದುಕೊಂಡಿದ್ದರು. ಅದು ಸರಿ. ಎರಡನೆಯ ಮಾತನ್ನು ಸೊಸೆ ನನ್ನ ಮುಖ ನೋಡದೆ ಹೇಳಿದಳು.

"ಅತ್ತೆ, ಸೋಮವಾರದಿಂದ ಪಾಪುಗೆ ಸ್ಕೂಲ್ ವ್ಯಾನ್ ಮಾಡಿದೀವಿ. ನಿಮಗೂ ಬಿಸಿಲಲ್ಲಿ ಓಡಾಟ ತಪ್ಪುತ್ತೆ."

ನಾನು ಒಳ್ಳೆಯದಾಯಿತು ಎಂದೆ. ಇನ್ನೇನು ಹೇಳಲಿ? ಆ ದೊಡ್ಡ ರಸ್ತೆಯಲ್ಲಿ ಮಗುವಿನ ಕೈ ಬಿಟ್ಟು ಮರೆತು ನಿಂತರೆ ಎಂದು ಅವರಿಗೆ ಹೆದರಿಕೆ. ನಿಜ ಹೇಳಬೇಕೆಂದರೆ ಅಷ್ಟು ಹೊತ್ತಿಗೆ ನನಗೂ ಅದೇ ಹೆದರಿಕೆ ಹತ್ತಿತ್ತು. ಸೋಮವಾರ ಹನ್ನೆರಡೂವರೆಗೆ ಬಾಲ್ಕನಿಯಲ್ಲಿ ನಿಂತು ಹಳದಿ ವ್ಯಾನಿನಿಂದ ಮೊಮ್ಮಗಳು ಇಳಿಯುವುದನ್ನು ನೋಡಿದೆ. ಮೇಲೆ ಬರುವಷ್ಟರಲ್ಲಿ ಅವಳ ವರದಿಯೆಲ್ಲ ಮುಗಿದುಹೋಗಿತ್ತು. ಏನಾಯಿತೇ ಇವತ್ತು ಎಂದು ಕೇಳಿದರೆ, ಏನಿಲ್ಲ ಎಂದಳು.

ಡಾಕ್ಟರ ಕ್ಲಿನಿಕ್ಕಿನಲ್ಲಿ ಮೊದಲು ಒಬ್ಬ ಎಳೆಯ ಹುಡುಗಿ ನನ್ನನ್ನು ಪರೀಕ್ಷೆ ಮಾಡಿದಳು. ಕಿವಿ ಕೇಳುವುದಿಲ್ಲವೇನೋ ಎಂಬಂತೆ ಗಟ್ಟಿಯಾಗಿ, ಆಜಿ, ಹೆದರಬೇಡಿ, ಇದು ವಯಸ್ಸಾದವರ ಮರೆವು ಎಷ್ಟಾಗಿದೆ ಎಂದು ನೋಡುವ ಪರೀಕ್ಷೆ, ತಪ್ಪಾದರೂ ಪರವಾಗಿಲ್ಲ, ಈ ವಯಸ್ಸಿನಲ್ಲಿ ಎಲ್ಲರಿಗೂ ತಪ್ಪುತ್ತದೆ ಎಂದಳು. ಐದು ಶಬ್ದ ಹೇಳಿ ನೆನಪಿಡಿ ಎಂದಳು. ನಾನು ಶಬ್ದಗಳನ್ನು ಕೇಳಿಸಿಕೊಳ್ಳುವುದು ಬಿಟ್ಟು ಅವುಗಳನ್ನು ಮರೆಯುತ್ತೇನೆಯೇ ಎಂದು ನೋಡುತ್ತ ಕೂತೆ. ನೂರರಿಂದ ಏಳೇಳು ಕಳೆಯಿರಿ ಎಂದಳು. ಪಕ್ಕದಲ್ಲಿ ಮಗ ತುಟಿ ಕಚ್ಚಿಕೊಂಡು ಕೂತಿದ್ದ. ತೊಂಬತ್ತಮೂರು ಬಂತು, ಎಂಬತ್ತಾರು ಬಂತು, ಆಮೇಲೆ ಲೆಕ್ಕ ತಪ್ಪಿತು. ಕೊನೆಗೆ ಕೇಳಿದಾಗ ಐದು ಶಬ್ದಗಳಲ್ಲಿ ಎರಡೇ ನೆನಪಿನಲ್ಲಿ ಉಳಿದಿದ್ದವು.

ಡಾಕ್ಟರು ಕಾಗದ ನೋಡಿ ಗಾಬರಿಯಾಗುವಂಥದ್ದು ಏನೂ ಹೇಳಲಿಲ್ಲ. ಹಬ್ಬ ಮುಗಿಸಿಕೊಂಡು ಬನ್ನಿ, ಇನ್ನೂ ಕೆಲವು ಪರೀಕ್ಷೆ ಮಾಡೋಣ, ಬೇಕಾದರೆ ತಲೆಯ ಸ್ಕ್ಯಾನ್ ಮಾಡಿಸೋಣ ಎಂದರು. ಮನೆಗೆ ಬರುವಾಗ ಮಗ ದಾರಿಯುದ್ದಕ್ಕೂ ಬೇರೆ ಮಾತಾಡಿದ. ನಾನು ಕಿಟಕಿಯ ಹೊರಗೆ ನೋಡುತ್ತ, ಚಿಗವ್ವನಿಗೂ ಹೀಗೇ ಶುರುವಾಗಿತ್ತೇನೋ ಎಂದು ಲೆಕ್ಕ ಹಾಕುತ್ತಿದ್ದೆ.

ಆ ದಿನಗಳಲ್ಲಿ ನನಗೆ ನೆನಪಾದವರು ನಮ್ಮ ಅತ್ತೆ. ಅವರಿಗೆ ಎಪ್ಪತ್ತಾದಾಗ ಒಮ್ಮೆ ಸಾರಿಗೆ ಎರಡು ಸಲ ಉಪ್ಪು ಹಾಕಿದ್ದರು. ನಾನು ಆಚೆ ಮನೆಯವಳ ಎದುರು ಅರಳು ಮರಳು ಎಂದು ನಕ್ಕಿದ್ದೆ. ಆ ಮೇಲೆ ಅವರನ್ನು ಒಲೆಯ ಹತ್ತಿರ ಬಿಡಲಿಲ್ಲ. ಕಡ್ಡಿಪೆಟ್ಟಿಗೆಯನ್ನು ಮೇಲಿನ ಕಪಾಟಿಗೆ ಎತ್ತಿಟ್ಟೆ. ನಾನೂ ಪ್ರೀತಿಯಿಂದಲೇ ಮಾಡಿದ್ದೆ. ಅವರು ಒಂದು ವರ್ಷದೊಳಗೆ ನಿಜಕ್ಕೂ ಮಂಕಾಗಿ ಮೂಲೆ ಹಿಡಿದರು. ನೋಡು, ನಾನು ಹೇಳಿರಲಿಲ್ಲವೇ ಎಂದು ಆಗ ಅಂದುಕೊಂಡಿದ್ದೆ. ಈಗ ಅದನ್ನು ನೆನೆದರೆ ನಾಚಿಕೆಯಾಗುತ್ತದೆ.

ಧನತ್ರಯೋದಶಿಗೆ ಎರಡು ದಿನವಿತ್ತು. ಬೆಳಿಗ್ಗೆ ನಮ್ಮವರಿಗೆ ಥಾಲಿಪೀಠದ ಆಸೆಯಾಯಿತು. ಮನೆಯಲ್ಲಿ ನನ್ನಿಂದ ಏನನ್ನಾದರೂ ಕೇಳುವ ಒಬ್ಬನೇ ಮನುಷ್ಯ ಅವರಾಗಿದ್ದರು, ಬಹುಶಃ ನನಗೆ ಮರೆವಿನ ರೋಗ ಬಂದಿರುವುದನ್ನು ಅವರು ಮರೆತಿದ್ದರು. ನಾನು ಚೀಟಿ ಓದಿ ಥಾಲಿಪೀಠ ಭಾಜಣಿಯ ಡಬ್ಬಿ ತೆಗೆದು ಕೈ ಹಾಕಿದೆ. ಹಿಟ್ಟು ನುಣ್ಣಗೆ ಬೆರಳ ಸಂದಿಯಿಂದ ಜಾರಿತು. ಇದು ಚಕ್ಕುಲಿಯದು ಎಂದಿತು ಕೈ.

ಚಷ್ಮಾ ಸರಿಮಾಡಿಕೊಂಡು ಮತ್ತೆ ಮುಚ್ಚಳ ಓದಿದೆ. ಥಾಲಿಪೀಠ ಎಂದೇ ಇತ್ತು. ಒಂದು ಚಿಟಿಕೆ ಬಾಯಿಗೆ ಹಾಕಿಕೊಂಡೆ. ಸಜ್ಜೆಯ ಸುಳಿವೇ ಇಲ್ಲ.

ಆಗ ಮೊದಲ ಸಲ ನನಗೆ ಹೆದರಿಕೆಯ ಬದಲು ಸಿಟ್ಟು ಬಂತು. ಕೈ ಕೆಟ್ಟಿದ್ದರೆ ಬಾಯಿಗೆ ಬಂದದ್ದನ್ನು ಒದರಬೇಕಲ್ಲ? ಅಂದು ಚಕ್ಕುಲಿ ಎಂದು ಬರೆದ ಡಬ್ಬಿಯಲ್ಲಿ ಥಾಲಿಪೀಠದ ಹಿಟ್ಟಿದೆ ಎಂದಿತ್ತು. ಇಂದು ಥಾಲಿಪೀಠ ಎಂದು ಬರೆದ ಡಬ್ಬಿಯಲ್ಲಿ ಚಕ್ಕುಲಿಯ ಹಿಟ್ಟಿದೆ ಎನ್ನುತ್ತಿದೆ. ಹುಚ್ಚರ ಮಾತಿಗೆ ತಾಳ ಇರುವುದಿಲ್ಲ. ನನ್ನ ಕೈಯ ಮಾತಿಗೆ ತಾಳವಿತ್ತು. ನಾನು ಹಿಟ್ಟಿನ ಡಬ್ಬಿಗಳನ್ನೆಲ್ಲ ಒಂದೊಂದಾಗಿ ಇಳಿಸಿ ಅಡುಗೆಮನೆಯ ನೆಲದ ಮೇಲೆ ಸಾಲಾಗಿ ಇಟ್ಟೆ. ಏಳು ಡಬ್ಬಿ.

ಸೊಸೆ ಸದ್ದು ಕೇಳಿ ಕೋಣೆಯಿಂದ ಓಡಿ ಬಂದಳು, ಆಫೀಸ್ ಕಾಲಿನ ಹೆಡ್‌ಫೋನು ಇನ್ನೂ ಕೊರಳಲ್ಲೇ ನೇತಾಡುತ್ತಿತ್ತು. ನೆಲದ ಮೇಲೆ ಡಬ್ಬಿಗಳ ನಡುವೆ ಕೂತ ನನ್ನನ್ನು ಕಂಡು ಅವಳ ಮುಖ ಇಳಿಯಿತು. ರೋಗ ಮುಂದಿನ ಮೆಟ್ಟಿಲಿಗೆ ಹೋಯಿತು ಎಂದುಕೊಂಡಳೆಂದು ಕಾಣುತ್ತದೆ.

"ಇಲ್ಲೇ ಕೂಡು," ಎಂದೆ. "ಒಂದೊಂದ ಡಬ್ಬಿ ನನ್ನ ಕೈಯಾಗ ಕೊಡು. ನಾ ಕಣ್ಣ ಮುಚ್ಚಿ ಹೇಳತೀನಿ. ಮುಚ್ಚಳಾ ನೀ ನೋಡು, ನನಗ ತೋರಿಸಬ್ಯಾಡ."

ಮಗುವಿನ ಆಟಕ್ಕೆ ಒಪ್ಪುವಂತೆ ಒಪ್ಪಿದಳು. ನಾನು ಮೊದಲನೆಯದಕ್ಕೆ ಕಡಲೆ ಹಿಟ್ಟು ಎಂದೆ, ಹೌದು ಎಂದಳು. ಎರಡನೆಯದಕ್ಕೆ ಚಿರೋಟಿ ರವೆ ಎಂದೆ, ಅದೂ ಹೌದು. ಮೂರನೆಯದಕ್ಕೆ ಮೈದಾ ಎಂದೆ. ಅವಳು ಸುಮ್ಮನಾದಳು. ನಾಲ್ಕನೆಯದಕ್ಕೆ ಅಕ್ಕಿ ಹಿಟ್ಟು ಎಂದೆ. ಮತ್ತೆ ಸುಮ್ಮನೆ. ಉಳಿದ ಮೂರಕ್ಕೂ ಮಾತಿಲ್ಲ. ಕಣ್ಣು ತೆರೆದು ನೋಡಿದರೆ ಐದು ಮುಚ್ಚಳ ತೊಡೆಯ ಮೇಲಿಟ್ಟುಕೊಂಡು, ನನಗೆ ಹೇಗೆ ಹೇಳುವುದು ಎಂದು ತಿಳಿಯದೆ ಕೂತಿದ್ದಳು. ಐದೂ ತಪ್ಪು ಎಂಬುದು ಅವಳ ಲೆಕ್ಕ. ಅವಳಿಗೆ ಮೈದಾಕ್ಕೂ ಅಕ್ಕಿ ಹಿಟ್ಟಿಗೂ ನೋಡಿ ವ್ಯತ್ಯಾಸ ತಿಳಿಯದು, ಭಾಜಣಿಗಳ ಮಾತಂತೂ ದೂರ. ಅವಳಿಗೆ ಗೊತ್ತಿದ್ದದ್ದು ಚೀಟಿ ಮಾತ್ರ.

ಅಷ್ಟರಲ್ಲಿ ಮನೆಗೆಲಸದ ಬಾಯಿ ಬಂದಳು. ಸಾತಾರಾ ಕಡೆಯ ಗಟ್ಟಿ ಹೆಂಗಸು, ಹತ್ತು ವರ್ಷದಿಂದ ನಮ್ಮಲ್ಲಿದ್ದಾಳೆ. ನಾನೇನೂ ಹೇಳಿಕೊಡದೆ ಥಾಲಿಪೀಠದ ಚೀಟಿಯ ಡಬ್ಬಿಯನ್ನು ಅವಳ ಮುಂದೆ ಹಿಡಿದು ಇದೇನು ಎಂದು ಕೇಳಿದೆ. ಅವಳು ಬೆರಳಿನಲ್ಲಿ ಉಜ್ಜಿ ಮೂಸಿ ನೋಡಿದಳು.

"ಹೀ ಚಕಲೀಚೀಚ ಭಾಜಣೀ, ಕಾಕೂ," ಎಂದಳು. ಇದು ಚಕ್ಕುಲಿಯದೇ.

ಉಳಿದ ನಾಲ್ಕನ್ನೂ ನೋಡಿ ನಾನು ಹೇಳಿದ್ದನ್ನೇ ಹೇಳಿದಳು. ಅಕ್ಕಿ ಹಿಟ್ಟಿನ ಚೀಟಿಯಿದ್ದು ನಾವು ಮೈದಾ ಎಂದದ್ದಕ್ಕೆ ನಾನು ಒಂದು ಬಟ್ಟಲಲ್ಲಿ ನೀರು ಹಾಕಿ ಕಲಸಿ ತೋರಿಸಿದೆ. ಅಂಟಿನ ಹಾಗೆ ಕೈಗೆ ಹತ್ತಿತು. ಆ ದಿನ ದೋಸೆ ಏಳದೆ ಕೂತದ್ದು ಯಾಕೆಂದು ಆಗ ಮೂವರಿಗೂ ತಿಳಿಯಿತು.

ಮುಚ್ಚಳ ತೊಳೆದದ್ದು ನವರಾತ್ರಿಯ ಮೊದಲು. ನನ್ನ ಸಿಟ್ಟು ಒಂದು ಗಳಿಗೆ ಕೆಲಸದ ಬಾಯಿಯ ಮೇಲೆ ತಿರುಗಿತು. ಅವಳು ಅದನ್ನು ನನ್ನ ಮುಖದಲ್ಲೇ ಓದಿದವಳಂತೆ, ಆ ವಾರ ನಾನು ಊರಲ್ಲಿದ್ದೆನಲ್ಲ ಎಂದಳು. ಹೌದು, ಹಿರಿಯರ ತಿಥಿಗೆ ಹೋಗಿದ್ದಳು.

ಸೊಸೆ ತಲೆ ಎತ್ತಲಿಲ್ಲ. "ಮುಚ್ಚಳ ಹಾಕಿದ್ದು ನಾನೇ, ಅತ್ತೆ. ಆಫೀಸ್ ಕಾಲ್‌ನಲ್ಲಿದ್ದೆ. ಬೇಳೆ ಎಲ್ಲ ನೋಡಿ ಹಾಕಿದೆ. ಹಿಟ್ಟೆಲ್ಲ ನಂಗೆ ಒಂದೇ ಥರ ಕಾಣ್ತು. ಆಮೇಲೆ ಚೀಟಿ ನೋಡ್ಕೊಂಡು ಅದರದರ ಜಾಗಕ್ಕೆ ಇಟ್ಟೆ."

ನನಗೆ ಏನಾಯಿತೆಂದು ಸರಿಯಾಗಿ ಹೇಳಲಾರೆ. ಮೊದಲು ನಗು ಬಂತು, ಆಮೇಲೆ ಸೆರಗು ಬಾಯಿಗೆ ಒತ್ತಿಕೊಂಡು ಅತ್ತುಬಿಟ್ಟೆ. ಸೊಸೆಯೂ ಅತ್ತಳು. ಕೆಲಸದ ಬಾಯಿ ನಮ್ಮಿಬ್ಬರನ್ನೂ ನೋಡಿ ಚಹಾಕ್ಕೆ ನೀರಿಟ್ಟಳು.

ಅಳು ನಿಂತ ಮೇಲೆ ನಾನು ಸೊಸೆಯ ಗಲ್ಲ ಎತ್ತಿ, "ನಿನಗ ಈಗ ಎಷ್ಟ ವರ್ಷ?" ಎಂದು ಕೇಳಿದೆ.

"ಮೂವತ್ನಾಲ್ಕು."

"ಹಂಗಾರ ಡಾಕ್ಟರ ಕಡೆ ಹೋಗೂಮುಂದ ನೀನೂ ನಿನ್ನ ಹೆಸರ ಬರಸು."

ಅಳುವಿನ ನಡುವೆ ಅವಳಿಗೆ ನಗು ಉಕ್ಕಿತು. ನಮ್ಮವರು ಥಾಲಿಪೀಠ ಎಲ್ಲಿ ಎಂದು ವಿಚಾರಿಸಲು ಬಂದರು. ವಿಷಯವೆಲ್ಲ ಕೇಳಿ, ಚೀಟಿಯನ್ನು ಡಬ್ಬಿಯ ಮೈಗೆ ಹಚ್ಚಬೇಕು, ಮುಚ್ಚಳಕ್ಕಲ್ಲ, ಉಗ್ರಾಣದಲ್ಲಿ ಮೊದಲ ದಿನ ಕಲಿಸುವ ಪಾಠವೇ ಇದು ಎಂದರು. ಮತ್ತೆ ಇಷ್ಟು ದಿನ ಯಾಕೆ ಹೇಳಲಿಲ್ಲ ಎಂದು ನಾವಿಬ್ಬರೂ ಒಟ್ಟಿಗೆ ಕೇಳಿದೆವು. ಹೇಳಬೇಕೆಂದುಕೊಂಡಿದ್ದರಂತೆ, ಮರೆತರಂತೆ.

ಅದೇ ಮಧ್ಯಾಹ್ನ ಚಕ್ಕುಲಿ ಮಾಡಿದೆ. ಚೀಟಿಗಳನ್ನೆಲ್ಲ ಬಿಸಿನೀರಿನಲ್ಲಿ ಕಿತ್ತು ಹಾಕಿದ ಮೇಲೆ. ಚಕ್ಕುಲಿ ಮುಳ್ಳುಮುಳ್ಳಾಗಿ ಗರಿಗರಿಯಾಗಿ ಬಂದವು. ಆ ಮೂವರು ಹೆಂಗಸರನ್ನೂ ಮತ್ತೆ ಕರೆದೆ. ಹಿಟ್ಟು ಬದಲಾಗಿದ್ದ ಕಥೆಯನ್ನು ಸೊಸೆ ತಾನಾಗಿ, ತನ್ನ ತಪ್ಪನ್ನೂ ಮುಚ್ಚಿಡದೆ, ತನ್ನ ಹರಕುಮುರುಕು ಮರಾಠಿಯಲ್ಲಿ ಹೇಳಿದಳು. ಅವಳ ಮೇಲೆ ನನಗೆ ಅವತ್ತು ಬಂದಷ್ಟು ಪ್ರೀತಿ ಹಿಂದೆ ಎಂದೂ ಬಂದಿರಲಿಲ್ಲ.

ಆದರೆ ಕ್ಲಿನಿಕ್ಕಿನ ಹುಡುಗಿ ಮಾಡಿದ ಪರೀಕ್ಷೆಗೆ ಮುಚ್ಚಳ ಜವಾಬ್ದಾರಿಯಲ್ಲವಲ್ಲ. ಆ ಒಂದು ಮುಳ್ಳು ಉಳಿದಿತ್ತು. ಹಬ್ಬದ ಮೇಲೆ ಮತ್ತೆ ಹೋದೆವು. ಈ ಸಲ ಡಾಕ್ಟರೇ ಕೂತರು. ನಾನು ಭಾಜಣಿಯ ಕಥೆ ಹೇಳಿದೆ. ಅವರು ಪುಣೆಯವರೇ, ಕಾಗದ ಪಕ್ಕಕ್ಕಿಟ್ಟು, ನಿಮ್ಮ ಅಳತೆ ಏನು, ನಮ್ಮ ಮನೆಯದು ಮೆತ್ತಗಾಗುತ್ತದೆ ಎಂದು ಕೇಳಿದರು. ನಾನು ಅಕ್ಕಿಯಿಂದ ಜೀರಿಗೆಯವರೆಗೆ ಎಲ್ಲದರ ಅಳತೆ, ಯಾವುದನ್ನು ಎಷ್ಟು ಹುರಿಯಬೇಕೆಂಬುದನ್ನು ಒಂದೂ ಬಿಡದೆ ಹೇಳಿದೆ. ಅದರ ಬೆನ್ನಿಗೇ, ವಯಸ್ಸಿನ ಮಾತೆತ್ತದೆ, ಐದು ಶಬ್ದ ಹೇಳಿದರು. ಬೇರೆ ಮಾತಾಡಿ, ಲೆಕ್ಕ ಮಾಡಿಸಿ, ಗಡಿಯಾರ ಬರೆಸಿ ಮತ್ತೆ ಕೇಳಿದಾಗ ಐದೂ ನನ್ನ ಬಾಯಲ್ಲಿದ್ದವು. ಸ್ಕ್ಯಾನ್ ಸದ್ಯಕ್ಕೆ ಬೇಡ, ವರ್ಷಕ್ಕೊಮ್ಮೆ ಬಂದು ತೋರಿಸಿಕೊಂಡು ಹೋಗಿ ಎಂದರು. ಹೆದರಿ ಕೂತವರಿಗೆ ಇದ್ದ ನೆನಪೂ ಕೈಗೆ ಸಿಗುವುದಿಲ್ಲ, ಹೋದ ಸಲ ನೀವು ಅರ್ಧ ಬುದ್ಧಿಯನ್ನು ಹೆದರಿಕೆಯ ಕಾವಲಿಗೆ ನಿಲ್ಲಿಸಿದ್ದಿರಿ ಎಂದೂ ಹೇಳಿದರು. ಮಗ ಹೊರಗೆ ಬಂದು ನನ್ನ ಭುಜ ಹಿಡಿದುಕೊಂಡವನು ರಸ್ತೆಯವರೆಗೂ ಬಿಡಲಿಲ್ಲ. ನನಗಿಂತ ಹೆಚ್ಚು ಹೆದರಿದ್ದವನು ಅವನೇ ಎಂದು ಆಗ ತಿಳಿಯಿತು.

ನನಗೆ ಮರೆವು ಇಲ್ಲವೆಂದು ನಾನು ಹೇಳುತ್ತಿಲ್ಲ. ಇದೆ. ಹೆಸರುಗಳು ತಡವಾಗಿ ಬರುತ್ತವೆ, ಹಾಲು ಈಗಲೂ ವಾರಕ್ಕೊಮ್ಮೆ ಉಕ್ಕುತ್ತದೆ. ಮುಂದೆ ನಿಜವಾದ ಕಾಯಿಲೆ ಬರಲೂಬಹುದು, ಬಂದರೆ ಬಂದಾಗ ನೋಡೋಣ. ಆದರೆ ಅಂದು ಮೂವರು ಹೆಂಗಸರ ಎದುರು ನನ್ನ ಬೆರಳು, ಮೂಗು, ಕಣ್ಣು ಮೂರೂ ನಿಜ ಹೇಳಿದ್ದವು. ನೀವು ಮುದಿಯಾಗಿದ್ದೀರಿ, ಸುಮ್ಮನಿರಿ ಎಂದು ಅವುಗಳ ಬಾಯಿ ಮುಚ್ಚಿಸಿದವಳು ನಾನು. ಇದೊಂದು ಮಾತ್ರ ನನ್ನ ತಪ್ಪು.

ದೀಪಾವಳಿಯ ರಜೆ ಮುಗಿದು ಬಾಲವಾಡಿ ಮತ್ತೆ ತೆರೆದ ದಿನ ಬೆಳಿಗ್ಗೆ ಸೊಸೆ ಫೋನಿನಲ್ಲಿ ಯಾರಿಗೋ ವ್ಯಾನ್ ಬೇಡವೆಂದು ಹೇಳುವುದು ಕೇಳಿಸಿತು. ಹನ್ನೆರಡೂವರೆಗೆ ಬಾಲವಾಡಿಯ ಗೇಟಿನ ಹತ್ತಿರ ನಿಂತೆ. ಮೊಮ್ಮಗಳು ಅಭ್ಯಾಸದಂತೆ ವ್ಯಾನಿನ ಸಾಲಿನಲ್ಲಿ ನಿಂತಿದ್ದಳು. ನನ್ನನ್ನು ಕಂಡು ಸಾಲು ಬಿಟ್ಟು ಓಡಿ ಬಂದು ಕೈ ಹಿಡಿದಳು. ರಸ್ತೆಯ ಅಂಚಿಗೆ ಬಂದಾಗ ನನಗೆ ಒಂದು ಕ್ಷಣ ಕಾಲು ತಡೆಯಿತು. ಬಲಕ್ಕೆ ನೋಡಿದೆ, ಎಡಕ್ಕೆ ನೋಡಿದೆ, ಮತ್ತೆ ಬಲಕ್ಕೆ ನೋಡಿದೆ. ಬಸ್ಸೊಂದು ಹೋಗಲು ಬಿಟ್ಟೆ. ಆಮೇಲೆ ಅವಳ ಕೈಯನ್ನು ಗಟ್ಟಿಯಾಗಿ ಹಿಡಿದು ದಾಟಿದೆ. ಆಚೆ ಬದಿಗೆ ಕಾಲಿಡುವಷ್ಟರಲ್ಲಿ ಅವಳು ಅಂದಿನ ವರದಿ ಶುರು ಮಾಡಿಬಿಟ್ಟಿದ್ದಳು.